ಎರಡು ಸಲ ಚಿತ್ರೀಕರಿಸಿದ ‘ಸ್ಟಾಕರ್’

ನಿನ್ನೆ ರಾತ್ರಿ ಮಳೆ ಬಿಡದೆ ಸುರಿಯುತ್ತಿತ್ತು. ದೀಪ ಆರಿಸಿ, ಹೆಡ್‌ಫೋನ್ ಹಾಕಿಕೊಂಡು, ಸೋವಿಯತ್ ನಿರ್ದೇಶಕ ಆಂದ್ರೇ ತರ್ಕೋವ್‌ಸ್ಕಿಯ ವೈಜ್ಞಾನಿಕ ಕಲ್ಪನೆಯ ಚಿತ್ರ ‘ಸ್ಟಾಕರ್’ ನೋಡಲು ಕುಳಿತೆ. ಇದು ಮೂರನೆಯ ಸಲ.

ಮೂವರು ಗಂಡಸರು ಹಳಿಯ ಮೇಲೆ ಪುಟ್ಟ ಟ್ರಾಲಿಯಲ್ಲಿ ಹೋಗುತ್ತಿದ್ದಾರೆ. ಮಾತಿಲ್ಲ. ಕ್ಯಾಮೆರಾ ಅವರ ಕತ್ತು, ಕಿವಿ, ಕೆನ್ನೆಗಳ ಹತ್ತಿರವೇ ಸುಳಿಯುತ್ತದೆ. ಗಾಲಿಯ ಟಕಟಕ ಸದ್ದಿನೊಳಗೆ ಎದುವಾರ್ದ್ ಆರ್ತೆಮ್ಯೆವ್ ಅವರ ಸಿಂಥಸೈಜರ್ ಮೆಲ್ಲಗೆ ಸೇರಿಕೊಳ್ಳುತ್ತದೆ. ಕಬ್ಬಿಣದ ಸದ್ದು ಎಲ್ಲಿ ಸಂಗೀತವಾಯಿತೆಂದು ಈ ಸಲವೂ ನನಗೆ ಹಿಡಿಯಲಾಗಲಿಲ್ಲ. ಆಮೇಲೆ ಕಂದು ಛಾಯೆ ಸರಿದು ಹಸಿರು ಬರುತ್ತದೆ. ಸ್ಟಾಕರ್ ಎಂಬ ದಾರಿತೋರುಗ ಉಳಿದಿಬ್ಬರನ್ನು ಕರೆದೊಯ್ಯುವ ನಿಷಿದ್ಧ ಜಾಗ, ‘ವಲಯ’ ಬಂತು. ಇಲ್ಲಿ ರಾಕೆಟ್ ಇಲ್ಲ, ಅನ್ಯಗ್ರಹದ ಜೀವಿ ಇಲ್ಲ. ಒದ್ದೆ ಹುಲ್ಲು, ವಾಲಿದ ಕಂಬಗಳು, ತುಕ್ಕು.

ಮೊದಲು ತಜಿಕಿಸ್ತಾನದಲ್ಲಿ ಚಿತ್ರೀಕರಿಸುವ ಯೋಚನೆಯಿತ್ತು. ಭೂಕಂಪದಿಂದ ಅದು ತಪ್ಪಿತು. ಎಸ್ಟೋನಿಯಾದ ತಾಲಿನ್ ಬಳಿ, ಯಾಗಲಾ ನದಿಯ ದಂಡೆಯ ಪಾಳು ಜಲವಿದ್ಯುತ್ ಕೇಂದ್ರಗಳಲ್ಲಿ 1977ರಲ್ಲಿ ಕೆಲಸ ಶುರುವಾಯಿತು. ಛಾಯಾಗ್ರಾಹಕ ಗಿಯೋರ್ಗಿ ರೆರ್‌ಬೆರ್ಗ್. ಕೊಡಕ್ ನೆಗೆಟಿವ್ ಮಾಸ್ಕೋದ ಲ್ಯಾಬ್‌ನಲ್ಲಿ ಡೆವಲಪ್ ಆಗಿ ಬಂದಾಗ ಹೊರಾಂಗಣದ ದೃಶ್ಯಗಳೆಲ್ಲ ಹಾಳಾಗಿದ್ದವು. ಒಂದು ಬೇಸಿಗೆಯ ದುಡಿಮೆ ಮಣ್ಣುಪಾಲು. ನಿರ್ದೇಶಕರಿಗೂ ರೆರ್‌ಬೆರ್ಗ್ ಅವರಿಗೂ ಅಲ್ಲಿಗೇ ಮುರಿದುಬಿತ್ತು. 1978ರ ಏಪ್ರಿಲ್‌ನಲ್ಲಿ ತರ್ಕೋವ್‌ಸ್ಕಿಗೆ ಹೃದಯಾಘಾತ. ಎರಡು ಭಾಗಗಳ ಚಿತ್ರವೆಂದು ಅನುಮತಿ ಪಡೆದರೆ ಹೆಚ್ಚಿನ ಹಣ ಸಿಗುತ್ತಿತ್ತು. ಆ ದಾರಿಯಿಂದಲೇ ಎಲ್ಲವನ್ನೂ ಮತ್ತೆ ಕಟ್ಟಿದರು. ಈ ಸಲ ಕ್ಯಾಮೆರಾ ಹಿಡಿದವರು ಅಲೆಕ್ಸಾಂದ್ರ್ ಕ್ನ್ಯಾಝಿನ್‌ಸ್ಕಿ.

ಆ ಬಿಡುವಿನಲ್ಲಿ, ಮೂಲ ಕಾದಂಬರಿ ಬರೆದ ಸ್ತ್ರುಗಾತ್ಸ್ಕಿ ಸಹೋದರರು ಚಿತ್ರಕಥೆಯನ್ನು ತಿದ್ದಿದರು. ಒರಟನಾಗಿದ್ದ ಸ್ಟಾಕರ್, ನಂಬಿಕೆಯೊಂದನ್ನೇ ಹಿಡಿದುಕೊಂಡ ದುರ್ಬಲ ಮನುಷ್ಯನಾದ. ನಮ್ಮ ಮಾತಿನಲ್ಲಿ ಹೇಳುವುದಾದರೆ ಅವಧೂತನಂಥವನು. ರೆರ್‌ಬೆರ್ಗ್ ಅವರ ಕಳೆದುಹೋದ ಚೌಕಟ್ಟುಗಳಿಗಾಗಿ ನನಗೆ ನಿಜಕ್ಕೂ ಸಂಕಟವಾಗುತ್ತದೆ. ಆದರೆ ಅವು ಉಳಿದಿದ್ದರೆ ಸ್ಟಾಕರ್ ಪಾತ್ರ ಮಾಡಿದ ಕೈದಾನೊವ್‌ಸ್ಕಿಯ ಆ ಅಂಗಲಾಚುವ ಮುಖ ನಮಗೆ ಸಿಗುತ್ತಿರಲಿಲ್ಲ.

ನದಿಯ ಮೇಲೆ ತೇಲುವ ಬಿಳಿ ನೊರೆಯನ್ನು ಗಮನಿಸಿದ್ದೀರಾ? ಮೇಲುಭಾಗದ ರಾಸಾಯನಿಕ ಕಾರ್ಖಾನೆಯೊಂದು ನದಿಗೆ ವಿಷ ಬಿಡುತ್ತಿತ್ತು ಎಂದು ಚಿತ್ರದ ಧ್ವನಿತಜ್ಞ ವ್ಲಾದಿಮಿರ್ ಶಾರುನ್ ಮುಂದೆ ನೆನೆದಿದ್ದಾರೆ. ಲೇಖಕನ ಪಾತ್ರ ಮಾಡಿದ ಅನತೋಲಿ ಸೊಲೊನಿತ್ಸಿನ್ 1982ರಲ್ಲಿ, ತರ್ಕೋವ್‌ಸ್ಕಿ 1986ರಲ್ಲಿ ತೀರಿಕೊಂಡರು. ಇಬ್ಬರಿಗೂ ಶ್ವಾಸಕೋಶದ ಕ್ಯಾನ್ಸರ್. ನದಿಯೇ ಕಾರಣವೆಂದು ಸಾಬೀತಾಗಿಲ್ಲ. ಆದರೂ ನಿನ್ನೆ ಆ ಒದ್ದೆ ನೆಲದ ಮೇಲೆ ಸೊಲೊನಿತ್ಸಿನ್ ಮಲಗಿದಾಗ, ಅವರನ್ನು ಕೂಗಿ ಎಬ್ಬಿಸಬೇಕೆನಿಸಿತು.