ಎರಡು ಓಟಿನ ಕ್ಷೇತ್ರಗಳನ್ನು ಹತ್ತೇ ವರ್ಷಕ್ಕೆ ಮುಗಿಸಿದ್ದೇಕೆ?

1952ರ ಮೊದಲ ಲೋಕಸಭಾ ಚುನಾವಣೆಯಲ್ಲಿ ಮೈಸೂರು ಕ್ಷೇತ್ರದಿಂದ ಇಬ್ಬರು ಗೆದ್ದರು. ಕಿಸಾನ್ ಮಜ್ದೂರ್ ಪ್ರಜಾ ಪಕ್ಷದ ಎಂ.ಎಸ್. ಗುರುಪಾದಸ್ವಾಮಿ ಒಬ್ಬರು, ಕಾಂಗ್ರೆಸ್ಸಿನ ಎನ್. ರಾಚಯ್ಯ ಇನ್ನೊಬ್ಬರು. ಹೌದು, ಒಂದೇ ಕ್ಷೇತ್ರಕ್ಕೆ ಇಬ್ಬರು ಸಂಸದರು. ಕೋಲಾರದಲ್ಲೂ ಹಾಗೇ ಇತ್ತು. ಇಂಥ ದ್ವಿಸದಸ್ಯ ಲೋಕಸಭಾ ಕ್ಷೇತ್ರಗಳು ದೇಶದಲ್ಲಿ ಆಗ 86 ಇದ್ದವು, 1957ರಲ್ಲಿ 91 ಆದವು. 1961ರಲ್ಲಿ ಸಂಸತ್ತು ಕಾಯ್ದೆ ತಂದು ಅಷ್ಟನ್ನೂ ರದ್ದು ಮಾಡಿತು.

ಲೆಕ್ಕ ಹೇಗಿತ್ತು ನೋಡಿ. ಎರಡು ಸ್ಥಾನಗಳಲ್ಲಿ ಒಂದು ಸಾಮಾನ್ಯ, ಒಂದು ಪರಿಶಿಷ್ಟ ಜಾತಿಗೋ ಪಂಗಡಕ್ಕೋ ಮೀಸಲು. ಪ್ರತಿ ಮತದಾರರಿಗೂ ಎರಡು ಓಟು, ಎರಡು ಮತಪತ್ರ. ಆಗ ಒಬ್ಬೊಬ್ಬ ಅಭ್ಯರ್ಥಿಗೂ ಚಿಹ್ನೆ ಅಂಟಿಸಿದ ಬೇರೆ ಬೇರೆ ಪೆಟ್ಟಿಗೆ ಇರುತ್ತಿತ್ತು. ಎರಡನ್ನೂ ಒಬ್ಬರ ಪೆಟ್ಟಿಗೆಗೇ ಹಾಕಿದರೆ ಒಂದು ಓಟು ವ್ಯರ್ಥ. ಎಣಿಕೆಯಲ್ಲಿ ಮೊದಲು ಮೀಸಲು ಅಭ್ಯರ್ಥಿಗಳ ಪೈಕಿ ಹೆಚ್ಚು ಮತ ಪಡೆದವರಿಗೆ ಮೀಸಲು ಸ್ಥಾನ. ಆಮೇಲೆ ಉಳಿದ ಎಲ್ಲರಲ್ಲಿ, ಇನ್ನುಳಿದ ಮೀಸಲು ಅಭ್ಯರ್ಥಿಗಳೂ ಸೇರಿ, ಯಾರಿಗೆ ಹೆಚ್ಚು ಮತವೋ ಅವರಿಗೆ ಸಾಮಾನ್ಯ ಸ್ಥಾನ.

ಕಿಡಿ ಹೊತ್ತಿದ್ದು ಈ ಎರಡನೇ ಹೆಜ್ಜೆಯಲ್ಲಿ. 1957ರಲ್ಲಿ ಆಂಧ್ರದ ಪಾರ್ವತೀಪುರಂನಲ್ಲಿ ಪಂಗಡದ ಇಬ್ಬರೂ ಅಭ್ಯರ್ಥಿಗಳು ಗೆದ್ದುಬಿಟ್ಟರು. ಎರಡನೇ ಸ್ಥಾನ ಪಡೆದ ಸೂರಿ ದೊರ ಅವರ ಎದುರು 565 ಮತಗಳಿಂದ ಸೋತವರು ಮುಂದೆ ರಾಷ್ಟ್ರಪತಿಯಾದ ವಿ.ವಿ. ಗಿರಿ. ಮೀಸಲು ಅಭ್ಯರ್ಥಿ ಸಾಮಾನ್ಯ ಸ್ಥಾನ ಪಡೆಯುವಂತಿಲ್ಲ ಎಂದು ಗಿರಿ ಸುಪ್ರೀಂ ಕೋರ್ಟಿನವರೆಗೂ ಹೋದರು. ಅಲ್ಲೂ ಸೋತರು.

ಈ ಫಲಿತಾಂಶವನ್ನು ವ್ಯವಸ್ಥೆಯ ದೋಷ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಜನ ಹೆಚ್ಚು ಓಟು ಕೊಟ್ಟವರು ಗೆದ್ದರು, ಅದರಲ್ಲಿ ದೋಷವೇನು?

ನಿಜವಾದ ತೊಂದರೆಗಳೂ ಇದ್ದವು. ಕ್ಷೇತ್ರದ ಜನಸಂಖ್ಯೆ ಸುಮಾರು ಹತ್ತರಿಂದ ಹದಿನೈದು ಲಕ್ಷ. ಅಷ್ಟು ಊರು ಸುತ್ತಲು ಬಡ ಅಭ್ಯರ್ಥಿಗೆ ಹಣವೆಲ್ಲಿಂದ ಬರಬೇಕು? ಒಬ್ಬ ಸದಸ್ಯ ತೀರಿಕೊಂಡರೂ ಇಡೀ ಕ್ಷೇತ್ರಕ್ಕೆ ಉಪಚುನಾವಣೆ. ಹಾಗಾಗಿ ಒಡೆದದ್ದು ತಪ್ಪಲ್ಲ, ಒಡೆದ ರೀತಿ ನನಗೆ ಸರಿಕಾಣುವುದಿಲ್ಲ. ಕ್ಷೇತ್ರವನ್ನು ಎರಡು ಮಾಡಿ, ಪರಿಶಿಷ್ಟರ ಪ್ರಮಾಣ ಹೆಚ್ಚಿರುವ ಭಾಗವನ್ನು ಮೀಸಲು ಮಾಡಿದರು. 1962ರ ಹೊತ್ತಿಗೆ ಚಾಮರಾಜನಗರ ಮೀಸಲು, ಮೈಸೂರು ಸಾಮಾನ್ಯ. ಮೈಸೂರಿನ ಕಡೆ ಉಳಿದ ದಲಿತರಿಗೆ ತಮ್ಮವರೊಬ್ಬರು ಖಂಡಿತ ಗೆಲ್ಲುತ್ತಾರೆಂಬ ಭರವಸೆ ಹೋಯಿತು. ಚಾಮರಾಜನಗರದ ಇತರರಿಗೆ ಅಲ್ಲಿ ಸ್ಪರ್ಧಿಸುವ ದಾರಿ ಮುಚ್ಚಿತು.

ಸಾಮಾನ್ಯ ಕ್ಷೇತ್ರದಲ್ಲಿ ಪರಿಶಿಷ್ಟರು ಸ್ಪರ್ಧಿಸಲು ಕಾನೂನಿನ ಅಡ್ಡಿ ಇವತ್ತಿಗೂ ಇಲ್ಲ. ಅಡ್ಡಿ ಇರುವುದು ಪಕ್ಷಗಳ ಟಿಕೆಟ್ ಹಂಚಿಕೆಯಲ್ಲಿ. ಎರಡು ಓಟು ಕೈಯಲ್ಲಿದ್ದಾಗ ಪಾರ್ವತೀಪುರಂನ ಮತದಾರರು ಆ ಅಡ್ಡಿಯನ್ನು ದಾಟಿ ತೋರಿಸಿದ್ದರು.