ಮುಖ್ಯಮಂತ್ರಿಯಾಗದ ಮುಖ್ಯಮಂತ್ರಿ: ಚಂದ್ರು ಅವರ ಹೆಸರಿಗೆ ಅಂಟಿಕೊಂಡ ಪಾತ್ರದ ಕಥೆ

ನಮಸ್ಕಾರ. ನಮ್ಮ ವೀಕ್ಷಕರೊಬ್ಬರು ಕೇಳಿದ ಪ್ರಶ್ನೆಯೊಂದು ಬಹಳ ದಿನಗಳಿಂದ ನನ್ನನ್ನು ಬಿಡದೆ ಕಾಡುತ್ತಿತ್ತು. ಕರ್ನಾಟಕವನ್ನು ಆಳಿದ ಮುಖ್ಯಮಂತ್ರಿಗಳ ಪಟ್ಟಿಯನ್ನು ಎಷ್ಟು ಸಲ ತಿರುವಿ ಹಾಕಿದರೂ ಸಿಗದ ಚಂದ್ರು ಅವರನ್ನು ಇಡೀ ನಾಡು ನಾಲ್ಕು ದಶಕಗಳಿಂದ ಮುಖ್ಯಮಂತ್ರಿ ಎಂದೇ ಏಕೆ ಕರೆಯುತ್ತಿದೆ? ರಂಗಭೂಮಿಯ ಒಂದು ಪಾತ್ರದಿಂದ ಬಂದ ಹೆಸರು ಎಂಬ ಒಂದು ಸಾಲಿನ ಉತ್ತರ ನಿಮಗೆಲ್ಲ ಗೊತ್ತಿದೆ. ಆದರೆ ಅದೇ ಕಾಲದಲ್ಲಿ ನೂರಾರು ನಟರು ನೂರಾರು ಪಾತ್ರ ಮಾಡಿದರಲ್ಲ, ಅವರಿಗೆಲ್ಲ ಹೆಸರು ಅಂಟದೆ ಇವರಿಗೇ ಏಕೆ ಅಂಟಿತು ಎಂಬುದು ನನ್ನ ಕುತೂಹಲ.

(ಪರದೆಯ ಮೇಲೆ: ರಂಗದ ಮೇಲೊಂದು ಖಾಲಿ ಕುರ್ಚಿ)

ಪರಿಚಯವನ್ನು ಬೇಗ ಮುಗಿಸೋಣ. ನಮ್ಮ ಚಂದ್ರು, ಅಂದರೆ ಎಚ್.ಎನ್. ಚಂದ್ರಶೇಖರ್ ಹುಟ್ಟಿದ್ದು 1953ರಲ್ಲಿ, ನೆಲಮಂಗಲ ಸೀಮೆಯ ಹೊನ್ನಸಂದ್ರದಲ್ಲಿ. ಬೆಂಗಳೂರಿನ ಹವ್ಯಾಸಿ ರಂಗಭೂಮಿ ಹುರುಪಿನಲ್ಲಿದ್ದ ದಿನಗಳಲ್ಲಿ ಅವರು ಕಲಾಗಂಗೋತ್ರಿ ತಂಡದ ನಟರಾಗಿದ್ದರು. ಚಾಣಕ್ಯ ಸೇನ್ ಅವರ ‘ಮುಖ್ಯಮಂತ್ರಿ’ ಎಂಬ ಬಂಗಾಳಿ ಕಾದಂಬರಿಯನ್ನು ರಂಜಿತ್ ಕಪೂರ್ ಹಿಂದಿಯಲ್ಲಿ ಅದೇ ಹೆಸರಿನ ನಾಟಕವಾಗಿಸಿದ್ದರು; ಅದನ್ನು ಟಿ.ಎಸ್. ಲೋಹಿತಾಶ್ವ ಕನ್ನಡಕ್ಕೆ ತಂದರು, ಬಿ.ವಿ. ರಾಜಾರಾಂ ನಿರ್ದೇಶಿಸಿದರು, 1980ರಲ್ಲಿ ಪ್ರಯೋಗ ಶುರುವಾಯಿತು. ಮುಖ್ಯ ಪಾತ್ರವನ್ನು ಲೋಹಿತಾಶ್ವ ಅವರೇ ಮಾಡಬೇಕಿತ್ತು, ಅನಾರೋಗ್ಯ ಅಡ್ಡ ಬಂದದ್ದರಿಂದ ಅದು ಚಂದ್ರು ಅವರ ಪಾಲಿಗೆ ಬಂತು ಎಂಬ ಮಾತು ರಂಗಭೂಮಿಯವರ ಬಾಯಲ್ಲಿ ಇಂದಿಗೂ ಓಡಾಡುತ್ತದೆ.

ಪಾತ್ರದ ಹೆಸರು ಕೃಷ್ಣ ದ್ವೈಪಾಯನ ಕೌಶಲ್, ಉದಯಾಚಲ ಎಂಬ ಕಲ್ಪಿತ ರಾಜ್ಯದ ಮುಖ್ಯಮಂತ್ರಿ. ಸ್ವಂತ ಪಕ್ಷದವರೇ ಕುರ್ಚಿಯ ಕಾಲು ಎಳೆಯುತ್ತಿರುವಾಗ ಯಾರಿಗೆ ಗದರಿಕೆ, ಯಾರಿಗೆ ಆಮಿಷ, ಯಾರಿಗೆ ಬರೀ ಒಂದು ನಗೆ ಸಾಕು ಎಂದು ಅಳೆದು ಸುರಿಯುವ ಹಣ್ಣಾದ ರಾಜಕಾರಣಿ ಆತ. ಅಂಥವನ ಬಣ್ಣ ಹಚ್ಚಿದಾಗ ಚಂದ್ರು ಅವರಿಗೆ ಇಪ್ಪತ್ತೇಳರ ಆಸುಪಾಸು, ಅಂದರೆ ಆ ವಯಸ್ಸನ್ನು ಅವರು ನಡಿಗೆಯಿಂದಲೂ ದನಿಯಿಂದಲೂ ಬಣ್ಣದಿಂದಲೂ ತಂದುಕೊಳ್ಳಬೇಕಿತ್ತು. ಎಪ್ಪತ್ತು ದಾಟುತ್ತಿರುವಾಗಲೂ ಅವರು ಅದೇ ಪಾತ್ರಕ್ಕೆ ರಂಗವೇರಿದರು; ಅಷ್ಟರಲ್ಲಿ ಪಾತ್ರದ ವಯಸ್ಸು ಅಲ್ಲೇ ನಿಂತಿತ್ತು, ನಟನೇ ನಡೆದು ಅದನ್ನು ಮುಟ್ಟಿ ಮುಂದೆ ಹೋಗಿದ್ದರು.

ಈಗ ನನಗೆ ತುಂಬ ಇಷ್ಟವಾದ ಭಾಗಕ್ಕೆ ಬರುತ್ತೇನೆ. ಇಲ್ಲಿ ಸ್ವಲ್ಪ ಹೊತ್ತು ಕೂರೋಣ, ಸಂಪಾದಕರು ಗಡಿಯಾರ ತೋರಿಸಿದರೂ ನಾನು ಏಳುವುದಿಲ್ಲ. 1985ರಲ್ಲಿ ಚಂದ್ರು ಜನತಾ ಪಕ್ಷದಿಂದ ಗೌರಿಬಿದನೂರು ಕ್ಷೇತ್ರದಲ್ಲಿ ನಿಂತು ಗೆದ್ದು ವಿಧಾನಸಭೆಗೆ ಬಂದರು. ಆಗ ಮುಖ್ಯಮಂತ್ರಿಯಾಗಿದ್ದವರು ರಾಮಕೃಷ್ಣ ಹೆಗಡೆ. ಹಾಗಾಗಿ ಒಂದೇ ಸದನದಲ್ಲಿ ಇಬ್ಬರು ಮುಖ್ಯಮಂತ್ರಿಗಳು ಕುಳಿತಂತಾಯಿತು: ಒಬ್ಬರು ರಾಜ್ಯಪಾಲರಿಂದ ಪ್ರಮಾಣವಚನ ಪಡೆದವರು, ಇನ್ನೊಬ್ಬರು ಪ್ರೇಕ್ಷಕರಿಂದ ಪಡೆದವರು. ಎರಡನೆಯವರಿಗೆ ಬಹುಮತ ಸಾಬೀತುಪಡಿಸುವ ತಲೆನೋವಿರಲಿಲ್ಲ, ಟಿಕೆಟ್ ಮಾರಾಟವಾದರೆ ಸಾಕಿತ್ತು.

ಅದೇ 1985ರಲ್ಲಿ ದೇಶದಲ್ಲಿ ಇನ್ನೊಂದು ಸಂಗತಿ ನಡೆಯಿತು. ಸಂವಿಧಾನದ 52ನೇ ತಿದ್ದುಪಡಿಯ ಮೂಲಕ ಪಕ್ಷಾಂತರ ನಿಷೇಧ ಕಾನೂನು ಬಂತು. ಎಂದರೆ, ಕೌಶಲ್ ಮೊದಲ ಸಲ ರಂಗದ ಮೇಲೆ ಶಾಸಕರನ್ನು ಒಲಿಸಿಕೊಳ್ಳುವ ಆಟ ಹೂಡಿದಾಗ ಅಂಥ ಆಟಕ್ಕೆ ಕಾನೂನಿನ ಅಡ್ಡಿಯೇ ಇರಲಿಲ್ಲ. ಆ ಪಾತ್ರದ ನಟ ಸ್ವತಃ ಶಾಸಕರಾಗುವ ಹೊತ್ತಿಗೆ ಅಡ್ಡಿ ಬಂದಿತ್ತು. ಬಂದು ಏನಾಯಿತು ಎಂಬುದನ್ನು ನೋಡಲು ನಾಲ್ಕು ವರ್ಷ ಸಾಕು. ಹೆಗಡೆಯವರ ನಂತರ ಎಸ್.ಆರ್. ಬೊಮ್ಮಾಯಿ ಮುಖ್ಯಮಂತ್ರಿಯಾದರು. 1989ರ ಏಪ್ರಿಲ್‌ನಲ್ಲಿ 19 ಶಾಸಕರು ಬೆಂಬಲ ಹಿಂತೆಗೆದುಕೊಂಡಿದ್ದಾರೆ ಎಂಬ ಪತ್ರಗಳು ರಾಜ್ಯಪಾಲ ಪಿ. ವೆಂಕಟಸುಬ್ಬಯ್ಯ ಅವರ ಕೈಗೆ ಬಂದವು. ಮರುದಿನವೇ ಅವರಲ್ಲಿ ಏಳು ಮಂದಿ, ದಾರಿ ತಪ್ಪಿಸಿ ನಮ್ಮ ಸಹಿ ಪಡೆದರು, ನಾವು ಸರ್ಕಾರದ ಜೊತೆಗೇ ಇದ್ದೇವೆ ಎಂದು ತಿರುಗಿ ಬರೆದರು. ಸದನದಲ್ಲಿಯೇ ಬಹುಮತ ತೋರಿಸುತ್ತೇನೆ ಎಂದು ಬೊಮ್ಮಾಯಿ ಕೇಳಿಕೊಂಡರೂ ರಾಜ್ಯಪಾಲರು ಒಪ್ಪದೆ ವರದಿ ಕಳುಹಿಸಿದರು, ಏಪ್ರಿಲ್ 21ರಂದು ರಾಷ್ಟ್ರಪತಿ ಆಳ್ವಿಕೆ ಜಾರಿಯಾಯಿತು. 1994ರಲ್ಲಿ ಸುಪ್ರೀಂ ಕೋರ್ಟ್ ಇದೇ ಪ್ರಕರಣದಲ್ಲಿ, ಬಹುಮತದ ತೀರ್ಮಾನ ಆಗಬೇಕಾದದ್ದು ರಾಜಭವನದಲ್ಲಲ್ಲ, ಸದನದಲ್ಲಿ ಎಂದು ಹೇಳಿತು. ಬಹುಮತ ಕೈಜಾರುತ್ತಿರುವ ಮುಖ್ಯಮಂತ್ರಿಯ ಪಾತ್ರದಿಂದ ಹೆಸರಾದ ನಟನೊಬ್ಬ ಗೆದ್ದು ಬಂದದ್ದು, ಬಹುಮತದ ಪ್ರಶ್ನೆಯಲ್ಲೇ ವಿಸರ್ಜನೆಯಾಗಿ ದೇಶದ ಕಾನೂನು ಪುಸ್ತಕಕ್ಕೆ ಸೇರಿದ ವಿಧಾನಸಭೆಗೆ! ನಾಟಕಕಾರನೊಬ್ಬ ಇದನ್ನು ಬರೆದಿದ್ದರೆ ತೀರಾ ಅತಿಯಾಯಿತು ಎಂದು ನಿರ್ದೇಶಕರು ಆ ದೃಶ್ಯವನ್ನೇ ಹೊಡೆದು ಹಾಕುತ್ತಿದ್ದರು.

ಹೆಸರು ಅಂಟಿಕೊಂಡದ್ದರ ಅರ್ಧ ಗುಟ್ಟು ನನ್ನ ಪ್ರಕಾರ ಇಲ್ಲಿದೆ. ಬೇರೆ ನಾಟಕಗಳು ಹಳತಾದಂತೆ ಜನರ ನೆನಪಿನಿಂದ ಸರಿಯುತ್ತವೆ. ಈ ನಾಟಕ ಹಳತಾಗಲು ನಮ್ಮ ರಾಜಕಾರಣ ಬಿಡಲಿಲ್ಲ. 2019ರ ಜುಲೈನಲ್ಲಿ ಎಚ್.ಡಿ. ಕುಮಾರಸ್ವಾಮಿ ಅವರ ಸಮ್ಮಿಶ್ರ ಸರ್ಕಾರ 99ಕ್ಕೆ ವಿರುದ್ಧವಾಗಿ 105 ಮತಗಳಿಂದ ವಿಶ್ವಾಸಮತ ಕಳೆದುಕೊಂಡ ವಾರಗಳಲ್ಲಿ ಶಾಸಕರು ಹೋಟೆಲುಗಳಲ್ಲಿ ಬೀಡುಬಿಟ್ಟದ್ದನ್ನು ಕಂಡವರಿಗೆ ಕೌಶಲ್ ಯಾರೆಂದು ವಿವರಿಸಿ ಹೇಳಬೇಕಾಗಿಲ್ಲ.

ಉಳಿದ ಅರ್ಧ ಕಾರಣ ಸರಳವಾದದ್ದು: ನಮ್ಮಲ್ಲಿ ಚಂದ್ರಶೇಖರರು ಬಹಳ. ಹಳ್ಳಿಯಲ್ಲಿ ಮೂವರು ರಾಮಣ್ಣಂದಿರಿದ್ದರೆ ಬಾವಿಕಟ್ಟೆ ರಾಮಣ್ಣ, ಗಿರಣಿ ರಾಮಣ್ಣ ಎಂದು ಜನರೇ ಗುರುತು ಹಚ್ಚುವಂತೆ, ಕನ್ನಡದ ಪ್ರೇಕ್ಷಕರು ತಮ್ಮ ಮೂವರು ಚಂದ್ರಶೇಖರರಿಗೆ ಗುರುತು ಹಚ್ಚಿದರು. 1973ರ ಪುಟ್ಟಣ್ಣ ಕಣಗಾಲರ ‘ಎಡಕಲ್ಲು ಗುಡ್ಡದ ಮೇಲೆ’ ಚಿತ್ರದಲ್ಲಿ ನಟಿಸಿದವರು ಎಡಕಲ್ಲು ಗುಡ್ಡದ ಚಂದ್ರಶೇಖರ್. ನಾಟಕದವರು ಮುಖ್ಯಮಂತ್ರಿ ಚಂದ್ರು. ದೂರದರ್ಶನದ ಆರಂಭದ ಕನ್ನಡ ಧಾರಾವಾಹಿ ‘ಸಿಹಿಕಹಿ’ಯಿಂದ ಮನೆಮಾತಾದವರು ಸಿಹಿಕಹಿ ಚಂದ್ರು. ಸಿನಿಮಾ, ರಂಗಭೂಮಿ, ಕಿರುತೆರೆ, ಮೂರೂ ಮಾಧ್ಯಮಗಳು ಒಬ್ಬೊಬ್ಬರಿಗೆ ಒಂದೊಂದು ಹೆಸರಿಟ್ಟು ಕಳುಹಿಸಿದವು.

ಇವರಲ್ಲಿ ಮುಖ್ಯಮಂತ್ರಿ, ಸಿಹಿಕಹಿ ಎಂಬ ಇಬ್ಬರು ಚಂದ್ರುಗಳನ್ನು ಪಕ್ಕಪಕ್ಕ ನಿಲ್ಲಿಸಿದರೆ ರಂಗಭೂಮಿಗೂ ಕಿರುತೆರೆಗೂ ಇರುವ ವ್ಯತ್ಯಾಸ ಕಾಣುತ್ತದೆ. ನಾಟಕದಲ್ಲಿ ಕಥೆ ಬದಲಾಗುವುದಿಲ್ಲ, ಪ್ರೇಕ್ಷಕರು ಬದಲಾಗುತ್ತಾರೆ. ಒಂದೇ ಮಾತನ್ನು ಊರೂರಿನಲ್ಲಿ ಮೊದಲ ಸಲ ಹೇಳುತ್ತಿರುವಂತೆ ಹೇಳುವ ಭಾರ ನಟನದು. ಧಾರಾವಾಹಿಯಲ್ಲಿ ಕಥೆ ಪ್ರತಿ ಕಂತಿಗೂ ಮುಂದೆ ಹೋಗುತ್ತದೆ, ಪ್ರೇಕ್ಷಕರು ಮಾತ್ರ ಅವರೇ. ಒಂದೇ ವಾಹಿನಿಯಿದ್ದ ಕಾಲದಲ್ಲಂತೂ ಬೀದಿಯಲ್ಲಿ ಟಿವಿ ಇದ್ದ ಮನೆಗಳಲ್ಲೆಲ್ಲ ಅದೇ ಮುಖ. ಅದರ ಬಲ ಎಷ್ಟೆಂದರೆ ‘ಸಿಹಿಕಹಿ’ಯಲ್ಲೇ ನಟಿಸಿದ, ಮುಂದೆ ಸಿಹಿಕಹಿ ಚಂದ್ರು ಅವರನ್ನು ಮದುವೆಯಾದ ಗೀತಾ ಅವರೂ ಸಿಹಿಕಹಿ ಗೀತಾ ಎಂದೇ ಹೆಸರಾದರು. ಗಂಡ ಹೆಂಡತಿ ಇಬ್ಬರಿಗೂ ಧಾರಾವಾಹಿಯ ಹೆಸರೇ ಮನೆತನದ ಹೆಸರಾಯಿತು. ಆದರೆ ಅವರ ಮಗಳು ಹಿತಾ ನಟಿಯಾದಾಗ ತಂದೆಯ ಮೂಲ ಹೆಸರನ್ನೇ ಇಟ್ಟುಕೊಂಡು ಹಿತಾ ಚಂದ್ರಶೇಖರ್ ಆದರು.

ಸಮಯ ಓಡುತ್ತಿದೆ, ಉಳಿದದ್ದನ್ನು ಒಟ್ಟುಗೂಡಿಸುತ್ತೇನೆ. ಮುಖ್ಯಮಂತ್ರಿ ಚಂದ್ರು ಸಿನಿಮಾದಲ್ಲಿ ಖಳರಾದರು, ತಂದೆಯಾದರು, 1990ರ ‘ಗಣೇಶನ ಮದುವೆ’ಯಲ್ಲಿ ಅನಂತನಾಗ್ ಅವರೊಡನೆ ದಿನಬೆಳಗಾದರೆ ಜಗಳಕ್ಕೆ ನಿಲ್ಲುವ ವಠಾರದ ಮಾಲೀಕ ರಮಣಮೂರ್ತಿಯಾದರು, ಕಿರುತೆರೆಗೂ ಬಂದರು. ಮುಖ್ಯಮಂತ್ರಿಗೆ ಬಾಡಿಗೆ ವಸೂಲಿಯ ಚಿಂತೆ ಹತ್ತಿಸಿ ಜನರನ್ನು ನಗಿಸಿದ ಆ ಚಿತ್ರ ನನ್ನ ಮಟ್ಟಿಗೆ ಅವರ ಹಾಸ್ಯದ ಉತ್ತಮ ಮಾದರಿ. ರಾಜಕೀಯದಲ್ಲಿ ಪಕ್ಷಗಳು ಬದಲಾದವು, ವಿಧಾನ ಪರಿಷತ್ತಿನ ಸದಸ್ಯತ್ವ ಬಂತು, ಕನ್ನಡ ಅಭಿವೃದ್ಧಿ ಪ್ರಾಧಿಕಾರದ ಅಧ್ಯಕ್ಷ ಸ್ಥಾನ ಬಂತು, 2022ರಲ್ಲಿ ಆಮ್ ಆದ್ಮಿ ಪಕ್ಷ ಸೇರಿದರು. ಹೆಸರಿನ ಮುಂದಿದ್ದ ಪದವಿ ಮಾತ್ರ ಯಾವ ಪಕ್ಷದ್ದೂ ಅಲ್ಲದ್ದರಿಂದ ಎಲ್ಲ ಕಡೆಗೂ ಜೊತೆಗೇ ಹೋಯಿತು. ‘ಸಂಸಾರದಲ್ಲಿ ಸರಿಗಮ’ ನಾಟಕದಿಂದ ಸರಿಗಮ ವಿಜಿ, ಶನಿಯ ಪಾತ್ರದಿಂದ ಶನಿ ಮಹದೇವಪ್ಪ ಹೀಗೆಯೇ ಹೆಸರು ಪಡೆದವರು.

ಹಾಗಾದರೆ ‘ಲಂಚಾವತಾರ’ ಎಂಬ ಒಂದೇ ನಾಟಕವನ್ನು ಸಾವಿರಾರು ಸಲ ಆಡಿದ ಮಾಸ್ಟರ್ ಹಿರಣ್ಣಯ್ಯ ಅವರು ಲಂಚಾವತಾರ ಹಿರಣ್ಣಯ್ಯ ಏಕಾಗಲಿಲ್ಲ ಎಂದು ನೀವು ಕೇಳಬಹುದು. ಅವರ ಸ್ವಂತ ಹೆಸರು ನರಸಿಂಹಮೂರ್ತಿ. ರಂಗಕ್ಕೆ ತಂದದ್ದು ತಂದೆಯ ಹೆಸರನ್ನು. ಆದರೆ ಮುಖ್ಯ ಕಾರಣ ಬೇರೆ ಎಂದು ನನಗನಿಸುತ್ತದೆ. ಅವರು ಸಂಭಾಷಣೆಯ ಮಧ್ಯೆ ಪಾತ್ರವನ್ನು ಪಕ್ಕಕ್ಕಿಟ್ಟು ಅಂದಿನ ಪತ್ರಿಕೆಯ ಸುದ್ದಿಯನ್ನೇ ಎತ್ತಿಕೊಂಡು ಅಧಿಕಾರದಲ್ಲಿದ್ದವರನ್ನು ಕುಟುಕುತ್ತಿದ್ದರು, ಜನ ಬರುತ್ತಿದ್ದದ್ದು ಪಾತ್ರವನ್ನು ನೋಡಲು ಅಲ್ಲ, ಈ ದಿನ ಹಿರಣ್ಣಯ್ಯ ಏನು ಹೇಳುತ್ತಾರೆ ಎಂದು ಕೇಳಲು. ಚಂದ್ರು ಅವರ ದಾರಿ ಇದಕ್ಕೆ ತದ್ವಿರುದ್ಧ: ಅವರು ಪಾತ್ರದ ಹೊರಗೆ ಕಾಲಿಡಲಿಲ್ಲ, ಅದಕ್ಕೇ ಜನರೂ ಅವರನ್ನು ಅದರಿಂದ ಹೊರಗೆ ಬಿಡಲಿಲ್ಲ.