ಗೇಲಿಕ್ ಹಾಡು, ಕ್ಲಬ್ಬಿನ ಬೀಟು

ಕೇಳುಗರಿಗೆ ನಮಸ್ಕಾರ.

ಸ್ಕಾಟ್ಲೆಂಡಿನ ವಾಯವ್ಯ ಕರಾವಳಿಗೆ ಅಂಟಿಕೊಂಡ ಹಾಗೆ ಸ್ಕೈ ಅನ್ನುವ ದ್ವೀಪ ಇದೆ. 1995ರಿಂದ ಅಲ್ಲಿಗೆ ಸೇತುವೆಯೂ ಇದೆ. ದ್ವೀಪದ ಉತ್ತರ ಭಾಗದಲ್ಲಿ ವಾಲ್ಟೋಸ್ ಅಂತ ಒಂದು ಪುಟ್ಟ ಹಳ್ಳಿ. ಈಗ ಅದೇ ಹೆಸರಿನ ಸಂಗೀತ ಜೋಡಿಯೂ ಇದೆ. ಮಾರ್ಟಿನ್ ಮ್ಯಾಕ್‌ಡೊನಾಲ್ಡ್ ಮತ್ತು ಡ್ಯಾನಿಯೆಲ್ ಡಾಕರ್ಟಿ. ಅಡಿಯಲ್ಲಿ ಸಿಂಥಸೈಸರ್ ಮತ್ತು ಕಂಪ್ಯೂಟರಿನಲ್ಲಿ ಕಟ್ಟಿದ ಬೀಟು. ಮೇಲೆ ಪಿಟೀಲು, ಚೀಲಕ್ಕೆ ಗಾಳಿ ತುಂಬಿ ನುಡಿಸುವ ಬ್ಯಾಗ್‌ಪೈಪ್, ಜೊತೆಗೆ ಅತಿಥಿಯಾಗಿ ಬಂದ, ಸ್ಕಾಟ್ಲೆಂಡಿನದೇ ನುಡಿಯಾದ ಗೇಲಿಕ್ಕಿನಲ್ಲಿ ಹಾಡುವವರ ದನಿ. 2022ರಲ್ಲಿ ಬಂದ ಇವರ ಮೊದಲ ಆಲ್ಬಮ್ಮಿನ ಹೆಸರೂ ವಾಲ್ಟೋಸ್ ಎಂದೇ.

ಇಂಥದ್ದನ್ನು ಕೇಳಿದ ಕೂಡಲೇ ನಮ್ಮಲ್ಲಿ ಹಲವರು 'ಫ್ಯೂಷನ್' ಅಂದು ಪಕ್ಕಕ್ಕಿಡುತ್ತಾರೆ. ಹಳೆಯದೊಂದು ಹಾಡು, ಅದರ ಬೆನ್ನಿಗೆ ಸುಮ್ನೆ ಒಂದು ಡ್ರಮ್ಮು ಕಟ್ಟಿದ್ದಾರೆ ಅನ್ನುವ ಅನುಮಾನ. ಅನುಮಾನ ಬರುವುದು ತಪ್ಪಲ್ಲ, ಹಾಗೆ ಮಾಡುವವರು ಬೇಕಾದಷ್ಟು ಜನ ಇದ್ದಾರೆ. ಆದರೆ ಗೇಲಿಕ್ ಹಾಡಿನ ವಿಷಯದಲ್ಲಿ ಕತೆ ಬೇರೆ. ಆ ಹಾಡುಗಳಲ್ಲಿ ಕುಣಿತ ಮೊದಲಿನಿಂದಲೂ ಇತ್ತು. ಬೀಟನ್ನು ಹೊರಗಿಂದ ತಂದು ಹೇರಬೇಕಾಗಿಯೇ ಇರಲಿಲ್ಲ.

ಗೇಲಿಕ್ ಜನರಲ್ಲಿ ಬಾಯಲ್ಲೇ ನುಡಿಸುವ ಸಂಗೀತ ಅಂತ ಒಂದಿದೆ. ಪೂರ್ಶ್ಟ್ ಅ ಬಿಯಲ್ ಅನ್ನುತ್ತಾರೆ. ವಾದ್ಯ ಇಲ್ಲದ ಕಡೆ, ವಾದ್ಯ ನುಡಿಸುವವರು ಸಿಗದ ದಿನ, ಒಬ್ಬರೋ ಇಬ್ಬರೋ ನಿಂತು ಪಿಟೀಲಿನ ಧಾಟಿಯನ್ನು ಬಾಯಲ್ಲಿ ಹಾಡುತ್ತಿದ್ದರು, ಉಳಿದವರು ಕುಣಿಯುತ್ತಿದ್ದರು. ಮಾತಿಗೆ ಅರ್ಥ ಕಮ್ಮಿ, ಚಟಪಟ ಜಾಸ್ತಿ. ಹಕ್ಕಿ, ಕುರಿ, ಪಕ್ಕದ ಮನೆಯವನ ಪ್ಯಾಂಟು, ಯಾವುದಾದರೂ ಸರಿ, ನಾಲಿಗೆ ತಾಳಕ್ಕೆ ಸರಿಯಾಗಿ ಹೊರಳಿದರೆ ಸಾಕು. ಇಂಗ್ಲಿಷರು 1746ರಲ್ಲಿ ಬ್ಯಾಗ್‌ಪೈಪನ್ನು ನಿಷೇಧಿಸಿದ್ದರಿಂದ ಇದು ಹುಟ್ಟಿತು ಅಂತ ಒಂದು ಜನಪ್ರಿಯ ಕತೆ ಇದೆ. ಕೇಳಲು ಚೆನ್ನಾಗಿದೆ. ಆದರೆ ಆ ವರ್ಷದ ಕಾನೂನಿನಲ್ಲಿ ಆಯುಧದ ಮಾತಿದೆ, ಗುಡ್ಡಗಾಡಿನವರ ಉಡುಪಿನ ಮಾತಿದೆ, ಬ್ಯಾಗ್‌ಪೈಪಿನ ಹೆಸರೇ ಇಲ್ಲ.

ಈ ಬಾಯಿಹಾಡುಗಳಲ್ಲಿ ರೀಲ್ ಅನ್ನುವ ಕುಣಿತದ ಧಾಟಿಗಳು ಬಹಳ. ತಾಳದ ಎಂಟೆಂಟು ಸುತ್ತಿನ ತುಂಡುಗಳು, ಅವನ್ನೇ ತಿರುಗಿಸಿ ತಿರುಗಿಸಿ ಹಾಡುವುದು. ಕುಣಿಯುವವರ ಹೆಜ್ಜೆ ನಿಮಿಷಕ್ಕೆ ಸುಮಾರು 110ರಿಂದ 120 ಬೀಳುತ್ತದೆ. ರಾತ್ರಿ ಕುಣಿಯಲು ಹೋಗುವ ಕ್ಲಬ್ಬುಗಳಲ್ಲಿ ಕೇಳುವ ಹೌಸ್ ಅನ್ನುವ ಸಂಗೀತದ ವೇಗವೂ ನಿಮಿಷಕ್ಕೆ 120ರ ಆಸುಪಾಸು. ಅದರ ತುಂಡುಗಳೂ ಎಂಟು, ಹದಿನಾರು, ಮೂವತ್ತೆರಡರ ಲೆಕ್ಕದಲ್ಲೇ ಬರುತ್ತವೆ. ಎರಡೂ ಕಾಲಿಗಾಗಿ ಹುಟ್ಟಿದ ಸಂಗೀತ, ಅಲ್ವಾ? ಹೊಂದಿಕೊಂಡಿದ್ದರಲ್ಲಿ ಆಶ್ಚರ್ಯ ಇಲ್ಲ.

ನನಗೆ ಇದಕ್ಕಿಂತ ಹೆಚ್ಚು ಹಿಡಿಸುವುದು ಹೆಂಗಸರ ಕೆಲಸದ ಹಾಡುಗಳು. ಸ್ಕೈ ಆಚೆಗೆ ಅಟ್ಲಾಂಟಿಕ್ ಕಡೆಗೆ ಹೊರ ಹೆಬ್ರಿಡೀಸ್ ದ್ವೀಪಗಳಿವೆ. ಅಲ್ಲಿ ಮಗ್ಗದಿಂದ ಇಳಿಸಿದ ಉಣ್ಣೆಬಟ್ಟೆ ಸಡಿಲವಾಗಿರುತ್ತಿತ್ತು. ಅದನ್ನು ಬಿಗಿ ಮಾಡಬೇಕು, ಮೆತ್ತಗೆ ಮಾಡಬೇಕು. ಅದಕ್ಕೆ ಬಟ್ಟೆಯನ್ನು ಮನೆಗಳಿಂದ ಕೂಡಿಟ್ಟ ಹಳಸಲು ಮೂತ್ರದಲ್ಲಿ ನೆನೆಸುತ್ತಿದ್ದರು. ಮುಖ ಸಿಂಡರಿಸಬೇಡಿ, ಅದರಲ್ಲಿರುವ ಅಮೋನಿಯಾ ಉಣ್ಣೆಯ ಜಿಡ್ಡು ತೆಗೆದು ಬಣ್ಣ ನಿಲ್ಲಿಸುತ್ತಿತ್ತು. ಆಮೇಲೆ ಉದ್ದದ ಹಲಗೆಯ ಎರಡೂ ಬದಿಗೆ ಹೆಂಗಸರು ಕೂತು, ಒದ್ದೆ ಬಟ್ಟೆಯನ್ನು ಎತ್ತಿ ಹಲಗೆಗೆ ಬಡಿದು, ಪಕ್ಕದವಳಿಗೆ ಸರಿಸುವುದು. ಸೂರ್ಯ ಸುತ್ತುವ ದಿಕ್ಕಿನಲ್ಲೇ ಸರಿಸಬೇಕು. ಗಂಟೆಗಟ್ಟಲೆ ಕೆಲಸ. ಒಬ್ಬಳು ಸಾಲು ಎತ್ತುತ್ತಾಳೆ, ಉಳಿದವರೆಲ್ಲ ಪಲ್ಲವಿಗೆ ದನಿ ಸೇರಿಸುತ್ತಾರೆ. ಪಲ್ಲವಿಯಲ್ಲಿ ಹೆಚ್ಚಾಗಿ ಅರ್ಥವಿಲ್ಲದ ಉಲಿಗಳು, ಹೀ ರೀ, ಹೋ ರೋ ಅನ್ನುವಂಥವು. ಅವು ಅಚ್ಚುಕಟ್ಟು, ಒಂದು ಅಕ್ಷರವೂ ಬದಲಾಗುವುದಿಲ್ಲ. ಬದಲಾಗುವುದು ಮುಂದಾಳಿನ ಸಾಲು. ಅದರಲ್ಲಿ ಮುಳುಗಿದ ದೋಣಿ ಇರಬಹುದು, ಕೈಕೊಟ್ಟ ಪ್ರೇಮಿ ಇರಬಹುದು, ಪಕ್ಕದಲ್ಲಿ ಕೂತ ಹುಡುಗಿಯ ಕಾಲೆಳೆಯುವ ಮಾತೂ ಇರಬಹುದು. ರಾಗಿ ಬೀಸುವ ಪದ ಕೇಳಿ ಬೆಳೆದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

ಬಟ್ಟೆ ಹದಕ್ಕೆ ಬಂತಾ ಅನ್ನುವುದನ್ನು ಅವರು ಅಳೆಯುತ್ತಿದ್ದದ್ದು ಹಾಡಿನ ಲೆಕ್ಕದಲ್ಲಿ. ಇನ್ನೂ ಮೂರು ಹಾಡು ಬೇಕು ಅಂದರೆ ಮೂರು ಹಾಡಿನಷ್ಟು ಬಡಿತ. ಒಂದೇ ಕೂಟದಲ್ಲಿ ಹಾಡಿದ ಹಾಡನ್ನೇ ಮತ್ತೆ ಹಾಡಿದರೆ ಅಪಶಕುನ, ಹಾಗಾಗಿ ಹೊಸ ಹೊಸ ಹಾಡು ಬರುತ್ತಲೇ ಇರಬೇಕು. ನಿಧಾನದ ಹಾಡಿನಿಂದ ಶುರು, ಕೈ ಬಿಸಿಯಾದ ಮೇಲೆ ಚುರುಕಿನದು. ರಾತ್ರಿಯಿಡೀ ಸಂಗೀತ ನಡೆಸುವ ಡಿಜೆ ಮಾಡುವುದೂ ಇದನ್ನೇ. ಆ ಹಲಗೆ ಬಡಿತವೇ ಈಗ ಕಿಕ್ ಡ್ರಮ್, ಅಂದರೆ ಬೀಟಿನ ಅಡಿಯ ದಪ್ಪ ಬಡಿತ, ಆಗಿದೆ. ಇಪ್ಪತ್ತನೇ ಶತಮಾನದ ಮಧ್ಯದ ಹೊತ್ತಿಗೆ ಬಟ್ಟೆ ಬಡಿಯುವ ಕೆಲಸ ಯಂತ್ರಕ್ಕೆ ಹೋಯಿತು. ಹಾಡು ಮಾತ್ರ ಕೆಲಸ ಕಳೆದುಕೊಂಡು ಉಳಿಯಿತು.

ಬ್ಯಾಗ್‌ಪೈಪನ್ನು ಸೇರಿಸುವುದು ಇಷ್ಟು ಸಲೀಸಲ್ಲ. ಅದಕ್ಕೆ ಇರುವುದು ಒಂಬತ್ತೇ ಸ್ವರ. ದನಿ ಸಣ್ಣದು ದೊಡ್ಡದು ಮಾಡಲು ಬರುವುದಿಲ್ಲ, ನಡುವೆ ನಿಲ್ಲಿಸಲೂ ಆಗುವುದಿಲ್ಲ. ಪಿಯಾನೋದ ಎ ಸ್ವರ 440 ಹರ್ಟ್ಜ್‌ಗೆ ಕೂತರೆ, ಇವತ್ತಿನ ಬ್ಯಾಗ್‌ಪೈಪಿನ ಎ 470ನ್ನು ದಾಟಿ 480ರ ಹತ್ತಿರ ಕೂರುತ್ತದೆ. ಅಂದರೆ ಕೀಬೋರ್ಡಿನ ಪಕ್ಕ ಹಾಗೇ ಇಟ್ಟರೆ ಕಿವಿಗೆ ಚುಚ್ಚುತ್ತದೆ. ಯಾರಾದರೂ ಒಬ್ಬರು ಬಗ್ಗಲೇಬೇಕು. ಕಂಪ್ಯೂಟರ್ ಬಗ್ಗುವುದು ಸುಲಭ, ಅದಕ್ಕೆ ಹಟ ಇಲ್ಲ. ಇನ್ನೊಂದು ಕಡೆ ಪೈಪಿಗೆ ಒಂದು ಅನುಕೂಲವೂ ಇದೆ. ಅದರ ಶ್ರುತಿ ಕೊನೆಯವರೆಗೂ ಕದಲುವುದಿಲ್ಲ. ಕ್ಲಬ್ಬಿನ ಸಂಗೀತವೂ ಎಷ್ಟೋ ಸಲ ಒಂದೇ ನೆಲೆಯ ಮೇಲೆ ನಿಮಿಷಗಟ್ಟಲೆ ನಿಂತಿರುತ್ತದೆ.

ಈ ದಾರಿ ಹಿಡಿದವರಲ್ಲಿ ವಾಲ್ಟೋಸ್ ಮೊದಲಿಗರೇನಲ್ಲ. 1990ರಲ್ಲೇ ಮೌತ್ ಮ್ಯೂಸಿಕ್ ಅನ್ನುವ ಜೋಡಿ, ಮಾರ್ಟಿನ್ ಸ್ವಾನ್ ಮತ್ತು ಟಲೀತಾ ಮೆಕೆಂಜಿ, ಬಾಯಿಹಾಡಿನ ಜೊತೆ ಸಿಂಥಸೈಸರನ್ನೂ ಆಫ್ರಿಕಾದ ಡ್ರಮ್ಮನ್ನೂ ಸೇರಿಸಿತ್ತು. ಆದರೆ ಈ ಮನೆಗೆ ಅಡಿಪಾಯ ಹಾಕಿದವರು ಯಾರು ಅಂತ ಕೇಳಿದರೆ ನಾನು ಮಾರ್ಟಿನ್ ಬೆನೆಟ್ ಹೆಸರು ಹೇಳುತ್ತೇನೆ. ಹುಟ್ಟಿದ್ದು 1971ರಲ್ಲಿ, ಕೆನಡಾದ ನ್ಯೂಫೌಂಡ್‌ಲೆಂಡಿನಲ್ಲಿ. ಅಮ್ಮ ಮಾರ್ಗರೆಟ್ ಬೆನೆಟ್ ಸ್ಕೈ ದ್ವೀಪದವರು, ಜಾನಪದ ವಿದ್ವಾಂಸೆ, ಗೇಲಿಕ್ ಹಾಡುಗಾರ್ತಿ. ಹುಡುಗ ಬ್ಯಾಗ್‌ಪೈಪ್ ಕಲಿತ, ಗ್ಲಾಸ್ಗೋದ ಸಂಗೀತ ಅಕಾಡೆಮಿಯಲ್ಲಿ ಶಾಸ್ತ್ರೀಯ ಪಿಟೀಲು ಕಲಿತ, ಕ್ಲಬ್ಬುಗಳಲ್ಲಿ ಬೀಟು ಕಲಿತ. 2000ದಲ್ಲಿ ಕ್ಯಾನ್ಸರ್ ಬಂತು. ವಾದ್ಯ ನುಡಿಸುವ ಶಕ್ತಿ ಹೋಯಿತು. ಒಂದು ದಿನ ಸಿಟ್ಟಿನಲ್ಲಿ ತನ್ನ ವಾದ್ಯಗಳನ್ನೆಲ್ಲ ಒಡೆದು ಹಾಕಿದ.

ಆಮೇಲೆ ಅವನ ಕೈಯಲ್ಲಿ ಉಳಿದದ್ದು ಕಂಪ್ಯೂಟರ್ ಮತ್ತು ಹಳೆಯ ಧ್ವನಿಮುದ್ರಣಗಳು. ಎಡಿನ್‌ಬರೋ ವಿಶ್ವವಿದ್ಯಾಲಯದ ಸ್ಕೂಲ್ ಆಫ್ ಸ್ಕಾಟಿಷ್ ಸ್ಟಡೀಸ್ 1951ರಿಂದ ಹಳ್ಳಿ ಹಳ್ಳಿಗೂ ಟೇಪ್ ರೆಕಾರ್ಡರ್ ಕಳಿಸಿ, ಗೇಲಿಕ್ ಹಾಡುಗಾರರನ್ನೂ ಊರೂರು ಅಲೆಯುವ ಟ್ರಾವೆಲರ್ ಜನರನ್ನೂ ರೆಕಾರ್ಡ್ ಮಾಡಿಸಿತ್ತು. ಅಂಥ ದನಿಗಳ ಸುತ್ತ ಬೆನೆಟ್ ಬೀಟು ಕಟ್ಟಿದ. 2003ರಲ್ಲಿ ಗ್ರಿಟ್ ಅನ್ನುವ ಆಲ್ಬಮ್ ಬಂತು. 2005ರ ಜನವರಿಯಲ್ಲಿ, 33ನೇ ವಯಸ್ಸಿನಲ್ಲಿ ತೀರಿಕೊಂಡ. ಹತ್ತು ವರ್ಷದ ಮೇಲೆ, ಗ್ಲಾಸ್ಗೋದ ಕೆಲ್ಟಿಕ್ ಕನೆಕ್ಷನ್ಸ್ ಉತ್ಸವದಲ್ಲಿ ದೊಡ್ಡದೊಂದು ಆರ್ಕೆಸ್ಟ್ರಾ ಆ ಇಡೀ ಆಲ್ಬಮ್ಮನ್ನು ವೇದಿಕೆ ಮೇಲೆ ನುಡಿಸಿತು.

ಸ್ಕೈ ದ್ವೀಪದ ನೈಟ್‌ವರ್ಕ್ಸ್ ತಂಡ ಅದೇ ದಾರಿ ಹಿಡಿಯಿತು. ಇನ್ನೊಂದು ಜೋಡಿ ವೈಟ್: ಅಲಸ್ಡೇರ್ ವೈಟ್ ಹಾಡುತ್ತಾರೆ, ರಾಸ್ ವೈಟ್ ಎಲೆಕ್ಟ್ರಾನಿಕ್ ನಾದ ಕೂಡಿಸುತ್ತಾರೆ. ಅಡ್ಡಹೆಸರು ಒಂದೇ, ನೆಂಟಸ್ತಿಕೆ ಇಲ್ಲ. ಅವರದು ಕುಣಿಸುವುದಕ್ಕಿಂತ ಕೂತು ಕೇಳುವ ಸಂಗೀತ.

ಇಷ್ಟೆಲ್ಲ ಆಗುತ್ತಿರುವುದು ಎಂಥ ನುಡಿಯಲ್ಲಿ ಅನ್ನುವುದನ್ನೂ ನೋಡಬೇಕು. 1891ರ ಜನಗಣತಿಯಲ್ಲಿ ಸ್ಕಾಟ್ಲೆಂಡಿನ ಎರಡೂವರೆ ಲಕ್ಷಕ್ಕೂ ಹೆಚ್ಚು ಜನ ಗೇಲಿಕ್ ಮಾತಾಡುತ್ತಿದ್ದರು. 2011ಕ್ಕೆ ಅದು 58 ಸಾವಿರದ ಹತ್ತಿರ ಬಂತು. 2022ರಲ್ಲಿ ಸ್ವಲ್ಪ ಏರಿ ಸುಮಾರು 70 ಸಾವಿರ. ಆದರೆ ಅದೇ ಗಣತಿಯಲ್ಲಿ, ಗೇಲಿಕ್ಕಿನ ತವರು ಅನಿಸಿಕೊಂಡ ಹೊರ ಹೆಬ್ರಿಡೀಸಿನಲ್ಲಿ ಮಾತಾಡುವವರು ಅರ್ಧಕ್ಕಿಂತ ಕಮ್ಮಿಯಾದರು. ತವರಲ್ಲಿ ಇಳಿತ, ಪಟ್ಟಣದಲ್ಲಿ ಏರಿಕೆ. ಗ್ಲಾಸ್ಗೋದಲ್ಲಿ ಗೇಲಿಕ್ ಮಾಧ್ಯಮದ ಶಾಲೆಗಳೇ ಇವೆ. ಅಂದರೆ ಈ ನುಡಿ ಕಲಿಯುವ ಎಷ್ಟೋ ಮಕ್ಕಳು ಬೆಳೆಯುತ್ತಿರುವುದು ಕ್ಲಬ್ಬುಗಳಿರುವ ಊರಿನಲ್ಲಿ. ಅವರಿಗೆ ಬಟ್ಟೆ ಬಡಿಯುವ ಹಲಗೆ ಗೊತ್ತಿಲ್ಲ, ಸೌಂಡ್ ಸಿಸ್ಟಮ್ ಗೊತ್ತು. ಹಾಡು ಅಲ್ಲಿಗೆ ಹೋಗಿದ್ದು ಫ್ಯಾಷನ್ನಿಗಲ್ಲ.

ಹಾಗಂತ ಎಲ್ಲವೂ ಚಂದ ಅನ್ನಲಾರೆ. ಗೇಲಿಕ್ ದನಿಯನ್ನು ಬರೀ ಮಂಜಿನ ಪರಿಣಾಮಕ್ಕೆ ಬಳಸುವವರಿದ್ದಾರೆ. ಎರಡು ಸಾಲು ಹಾಡಿಸಿ, ಅದನ್ನು ಪ್ರತಿಧ್ವನಿಯಲ್ಲಿ ಮುಳುಗಿಸಿ, ಮಾತು ತಿಳಿಯದ ಹಾಗೆ ಮಾಡುತ್ತಾರೆ. ಪ್ರವಾಸೋದ್ಯಮದ ಜಾಹೀರಾತಿಗೆ ಅದು ಸಾಕು. ನನ್ನ ಪರೀಕ್ಷೆ ಸರಳ: ಬೀಟು ತೆಗೆದರೂ ಹಾಡು ನಿಲ್ಲುತ್ತದಾ? ಹಾಡುಗಾರ್ತಿಯ ಪೂರ್ತಿ ಪದ, ಅವಳ ಉಸಿರಿನ ಜಾಗ ಎಲ್ಲ ಇದೆಯಾ?

ಈ ಪರೀಕ್ಷೆಯನ್ನು ನೀವೇ ಮಾಡಬಹುದು. ಟೋಬರ್ ಅನ್ ಡುವಲ್‌ಖಿಸ್ ಅನ್ನುವ ಜಾಲತಾಣದಲ್ಲಿ ಆ ಹಳೆಯ ಧ್ವನಿಮುದ್ರಣಗಳು ಸಾವಿರಗಟ್ಟಲೆ ಇವೆ, ಕೇಳಲು ದುಡ್ಡು ಕೊಡಬೇಕಾಗಿಲ್ಲ. ಅಲ್ಲಿ ಬಟ್ಟೆ ಬಡಿಯುವ ಹಾಡೊಂದನ್ನು ಹುಡುಕಿ, ಪಲ್ಲವಿ ಬಾಯಿಗೆ ಬರುವವರೆಗೆ ಕೇಳಿ. ಆಮೇಲೆ ವಾಲ್ಟೋಸ್ ಹಾಕಿ, ದನಿ ಸ್ವಲ್ಪ ಜಾಸ್ತಿ ಇಟ್ಟುಕೊಂಡು. ನಮಸ್ಕಾರ.